ಪುಟ್ಟ ಪಿಸ್ತೂಲಿಗೆ ಲೈಟು, ಲೇಸರು: ಡಬ್ಬಿಯ ಮೇಲಿನ ಅಂಕಿ ನಂಬಬೇಕೇ?

ಓದುಗರ ಪ್ರಶ್ನೆ, ನಮ್ಮ ಉತ್ತರ

ಅಮೆರಿಕದಲ್ಲಿ ನೆಲೆಸಿರುವ ಹಲವು ಓದುಗರು ಈ ಸಲ ಒಂದೇ ವಸ್ತುವಿನ ಬಗ್ಗೆ ಬರೆದಿದ್ದಾರೆ. ಸಣ್ಣ ಪಿಸ್ತೂಲಿನ ನಳಿಗೆಯ ಕೆಳಗೆ, ಟ್ರಿಗರ್ ಗಾರ್ಡಿನ (ಟ್ರಿಗರನ್ನು ಸುತ್ತುವರಿದ ಬಳೆಯ) ಮುಂದೆ ಕೂರುವ, ಬೆಂಕಿಪೊಟ್ಟಣದಷ್ಟು ಗಾತ್ರದ ಲೈಟು-ಲೇಸರ್ ಜೋಡಿ ಅದು. ವಿರಾಜಪೇಟೆಯಿಂದಲೂ ಮೈಸೂರಿನಿಂದಲೂ ಒಂದೊಂದು ಪತ್ರ ಬಂದಿದೆ. ಉದ್ದದ ಪತ್ರಗಳನ್ನು ಮೊಟಕು ಮಾಡಿದ್ದೇವೆ. ಮುಂದೆ ಎಲ್ಲೆಲ್ಲಿ ‘ಖಾಲಿ ಪಿಸ್ತೂಲು’ ಎಂದಿದೆಯೋ ಅಲ್ಲೆಲ್ಲ ಅರ್ಥ ಇಷ್ಟು: ಮ್ಯಾಗಜಿನ್ (ಗುಂಡು ತುಂಬುವ ಪೆಟ್ಟಿಗೆ) ಹೊರಗೆ, ಸ್ಲೈಡ್ (ಹಿಂದೆಮುಂದೆ ಜರುಗುವ ಮೇಲ್ಭಾಗ) ಹಿಂದಕ್ಕೆ, ಚೇಂಬರನ್ನು (ಗುಂಡು ಕೂರುವ ಗೂಡನ್ನು) ಕಣ್ಣಿಂದ ನೋಡಿ ಕಿರುಬೆರಳಿಂದ ಮುಟ್ಟಿ ಖಾತ್ರಿ ಮಾಡಿಕೊಂಡದ್ದು, ಗುಂಡುಗಳು ಬೇರೆ ಕೋಣೆಯಲ್ಲಿ.

ಪ್ರಶ್ನೆ: ನನ್ನ ಬಳಿ ಇರುವುದು ಗ್ಲಾಕ್ 43. ಅಡಿಯಲ್ಲಿ ಲೈಟು ಸಿಕ್ಕಿಸುವ ಪಟ್ಟಿ, ಅಂದರೆ ರೈಲ್, ಇಲ್ಲ. ಅಂಗಡಿಯಲ್ಲಿ ಟ್ರಿಗರ್ ಗಾರ್ಡಿಗೆ ಕಚ್ಚಿಕೊಳ್ಳುವ, ಸ್ಟ್ರೀಮ್‌ಲೈಟ್ ಕಂಪನಿಯ ಟಿಎಲ್‌ಆರ್-6 ತೋರಿಸಿದರು. 100 ಲ್ಯೂಮೆನ್ ಅಂತೆ. ಗೆಳೆಯರು ‘500 ಲ್ಯೂಮೆನ್ ಇಲ್ಲದ್ದು ದಂಡ’ ಅನ್ನುತ್ತಾರೆ. ಯಾರ ಮಾತು ಕೇಳಲಿ?
— ಡಲ್ಲಾಸ್

ಉತ್ತರ: ನಿಮ್ಮ ಗೆಳೆಯರು ಬರೀ ಲ್ಯೂಮೆನ್ ನೋಡುತ್ತಿದ್ದಾರೆ. ಲ್ಯೂಮೆನ್ ಅಂದರೆ ದೀಪದಿಂದ ಹೊರಬೀಳುವ ಒಟ್ಟು ಬೆಳಕು. ಆ ಬೆಳಕು ಎಷ್ಟು ಒಟ್ಟಾಗಿ ಒಂದೇ ದಿಕ್ಕಿಗೆ ಹೋಗುತ್ತದೆ ಎಂಬುದಕ್ಕೆ ಕ್ಯಾಂಡೆಲಾ ಎಂಬ ಬೇರೆ ಅಳತೆ ಇದೆ. ಟಿಎಲ್‌ಆರ್-6 ನೂರು ಲ್ಯೂಮೆನ್, 2000 ಕ್ಯಾಂಡೆಲಾ. ರೈಲ್ ಇರುವ ಸಣ್ಣ ಪಿಸ್ತೂಲುಗಳಿಗೆಂದು ಅದೇ ಕಂಪನಿ ಮಾಡುವ ಟಿಎಲ್‌ಆರ್-7 ಸಬ್ ಐನೂರು ಲ್ಯೂಮೆನ್, 5000 ಕ್ಯಾಂಡೆಲಾ. ಲ್ಯೂಮೆನ್ ಐದು ಪಟ್ಟಾದರೂ ಕ್ಯಾಂಡೆಲಾ ಎರಡೂವರೆ ಪಟ್ಟಷ್ಟೇ. ಎದುರಿಗಿರುವವನ ಮುಖದ ಮೇಲೆ ಬೀಳುವ ಬೆಳಕಿನ ವ್ಯತ್ಯಾಸವೂ ಅಷ್ಟೇ.

ಡಬ್ಬಿಯ ಮೇಲೆ 89 ಮೀಟರ್, 141 ಮೀಟರ್ ಅಂತ ಇರುತ್ತದಲ್ಲ, ಅದು ಕ್ಯಾಂಡೆಲಾದ ವರ್ಗಮೂಲವನ್ನು ಎರಡರಿಂದ ಗುಣಿಸಿದ ಲೆಕ್ಕ, ಅಷ್ಟೆ. ಅಷ್ಟು ದೂರ ಹೋಗುವ ಹೊತ್ತಿಗೆ ಬೆಳಕು ಕಾಲು ಲಕ್ಸ್‌ಗೆ (ಲಕ್ಸ್ ಅಂದರೆ ಒಂದು ಜಾಗದ ಮೇಲೆ ಬೀಳುವ ಬೆಳಕಿನ ಅಳತೆ), ಎಂದರೆ ಹುಣ್ಣಿಮೆ ಬೆಳದಿಂಗಳಷ್ಟಕ್ಕೆ ಇಳಿದಿರುತ್ತದೆ. ಬೆಳದಿಂಗಳಲ್ಲಿ 89 ಮೀಟರ್ ಆಚೆ ನಿಂತವನ ಕೈಯಲ್ಲಿರುವುದು ಮೊಬೈಲೋ ಮತ್ತೊಂದೋ ಹೇಳುವುದು ಯಾರಿಂದಲೂ ಆಗದು. ಆ ಸಂಖ್ಯೆಯನ್ನು ಮರೆತುಬಿಡಿ.

ಬದಲಿಗೆ ಈ ಲೆಕ್ಕ ಹಿಡಿಯಿರಿ: ಕ್ಯಾಂಡೆಲಾವನ್ನು ದೂರದ ವರ್ಗದಿಂದ ಭಾಗಿಸಿದರೆ ಅಲ್ಲಿ ಬೀಳುವ ಲಕ್ಸ್. ಐದು ಮೀಟರ್ ಉದ್ದದ ಹಜಾರದಲ್ಲಿ 2000ವನ್ನು 25ರಿಂದ ಭಾಗಿಸಿ: 80 ಲಕ್ಸ್. ಕತ್ತಲ ಮನೆಯಲ್ಲಿ ಮುಖ, ಕೈ, ಬಟ್ಟೆಯ ಬಣ್ಣ ಗುರುತಿಸಲು ಧಾರಾಳ. ಹಿತ್ತಿಲ ಬೇಲಿ 20 ಮೀಟರ್ ದೂರವಿದ್ದರೆ 5 ಲಕ್ಸ್ ಮಾತ್ರ. 500 ಲ್ಯೂಮೆನ್ನಿನದು ಕೂಡ ಅಲ್ಲಿ ಹನ್ನೆರಡೂವರೆಗೆ ಇಳಿದಿರುತ್ತದೆ. ಸಣ್ಣದು ನಿಜವಾಗಿ ಸೋಲುವುದು ಎದುರು ಬೆಳಕಿದ್ದಾಗ: ಪೋರ್ಚ್ ಲೈಟಿನಡಿ ನಿಂತು ಆಚೆಯ ಕತ್ತಲು ನೋಡುವಾಗ, ಕಾರಿನ ಹೆಡ್‌ಲೈಟ್ ಎದುರಾದಾಗ, ಕಪ್ಪು ಗಾಜಿನೊಳಗೆ ಇಣುಕುವಾಗ.

ಆದ್ದರಿಂದ ಮನೆಯೊಳಗಿನ ಮಟ್ಟಿಗೆ ನಿಮ್ಮ 43ಕ್ಕೆ ಟಿಎಲ್‌ಆರ್-6 ತಗೊಳ್ಳಿ, ತಪ್ಪಿಲ್ಲ. ತೂಕ ಸುಮಾರು 36 ಗ್ರಾಂ. ಮುಂದೆ ಎಂದಾದರೂ ರೈಲ್ ಇರುವ 43ಎಕ್ಸ್ ಕೊಂಡರೆ ನೂರು ಲ್ಯೂಮೆನ್ನಿನಲ್ಲಿ ಉಳಿಯಲು ಕಾರಣವೇ ಇಲ್ಲ.

ಕೊಂಡದ್ದು ಡಬ್ಬಿಯ ಮಾತಿಗೆ ತಕ್ಕಂತಿದೆಯೇ ಎಂದು ಮನೆಯಲ್ಲೇ ನೋಡಬಹುದು. ಲೈಟನ್ನು ಪಿಸ್ತೂಲಿಗೆ ಹಾಕುವ ಮೊದಲೇ ಈ ಪರೀಕ್ಷೆ ಮುಗಿಸಿ. ರಾತ್ರಿ ದೀಪವೆಲ್ಲ ಆರಿಸಿ, ಗೋಡೆಯಿಂದ ಸರಿಯಾಗಿ ಐದು ಮೀಟರ್ ಅಳೆದು ಮೇಜಿನ ಮೇಲಿಡಿ. ಬೆಳಕಿನ ನಡುಭಾಗದಲ್ಲಿ ಲಕ್ಸ್ ಮೀಟರ್ ಹಿಡಿದು, ಬಂದ ಅಂಕಿಯನ್ನು 25ರಿಂದ ಗುಣಿಸಿ. ಮೊಬೈಲಿನ ಆ್ಯಪ್ ಒರಟು ಲೆಕ್ಕ ಕೊಡುತ್ತದೆ, ಆದರೆ ಎರಡು ಲೈಟುಗಳಲ್ಲಿ ಯಾವುದು ಮೇಲು ಅನ್ನಲು ಅದು ಸಾಕು. 2000 ಎಂದದ್ದು 1100 ಬಂದರೆ ಸೆಲ್ ಬದಲಿಸಿ ಇನ್ನೊಮ್ಮೆ ನೋಡಿ. ಆಗಲೂ ಅಷ್ಟೇ ಬಂದರೆ ಅಂಗಡಿಗೆ ವಾಪಸು. ಏರ್‌ಸಾಫ್ಟ್ ಆಟದ ಬಂದೂಕಿಗೆಂದು ಮಾಡಿದ, ಹೆಸರಾಂತ ಬ್ರಾಂಡಿನ ತದ್ರೂಪಿ ಮಾಲು ಈ ಒಂದು ಪರೀಕ್ಷೆಯಲ್ಲೇ ಸಿಕ್ಕಿಬೀಳುವುದುಂಟು.

ಪ್ರಶ್ನೆ: ಲೇಸರ್ ಕೆಂಪು ಒಳ್ಳೆಯದೋ ಹಸಿರೋ? ಹಸಿರಿಗೆ ದುಡ್ಡು ಜಾಸ್ತಿ ಕೇಳುತ್ತಾರೆ.
— ಫೀನಿಕ್ಸ್

ಉತ್ತರ: ನಿಮ್ಮ ಊರಿನ ಬಿಸಿಲಿಗಂತೂ ಹಸಿರು. ಅಮೆರಿಕದಲ್ಲಿ ಹೀಗೆ ಮಾರಾಟವಾಗುವ ಲೇಸರುಗಳ ಮಿತಿ 5 ಮಿಲಿವ್ಯಾಟ್, ಬಣ್ಣ ಯಾವುದಾದರೂ ಸರಿ. ಆದರೆ ನಮ್ಮ ಕಣ್ಣು ಎಲ್ಲ ಬಣ್ಣವನ್ನೂ ಒಂದೇ ಸಮ ಕಾಣುವುದಿಲ್ಲ. ಹಗಲಿನ ನೋಟಕ್ಕೆ 555 ನ್ಯಾನೊಮೀಟರಿನ ಹಸಿರು-ಹಳದಿ ಅತಿ ಸ್ಪಷ್ಟ. ಆ ಲೆಕ್ಕದಲ್ಲಿ 520ರ ಹಸಿರಿಗೆ ನೂರಕ್ಕೆ 71 ಅಂಕ ಬಂದರೆ 650ರ ಕೆಂಪಿಗೆ ಸುಮಾರು 11. ಅಷ್ಟೇ ಮಿಲಿವ್ಯಾಟಿಗೆ ಹಸಿರು ಆರೇಳು ಪಟ್ಟು ಎದ್ದು ಕಾಣುತ್ತದೆ. ಮಧ್ಯಾಹ್ನದ ಬಿಸಿಲಲ್ಲಿ ಕೆಂಪು ಚುಕ್ಕೆ ಕೆಲವೇ ಹೆಜ್ಜೆಗಳಾಚೆ ಕಾಣೆಯಾಗುತ್ತದೆ. ಕೆಂಪು ತಗೊಳ್ಳುವುದೇ ಆದರೆ ಪೆಟ್ಟಿಗೆಯ ಮೇಲೆ 635ರ ಆಸುಪಾಸು ಇದೆಯೇ ನೋಡಿ; ಅದು 650ಕ್ಕಿಂತ ಎರಡು ಪಟ್ಟು ಕಾಣುತ್ತದೆ.

ಹಸಿರಿನಲ್ಲೂ ಎರಡು ಜಾತಿ. 532 ನ್ಯಾನೊಮೀಟರ್ ಎಂದಿದ್ದರೆ ಅದು ಹಳೆಯ ಬಗೆ: ಕಣ್ಣಿಗೆ ಕಾಣದ ಅವಗೆಂಪು ಬೆಳಕನ್ನು ಹರಳುಗಳ ಮೂಲಕ ಹಾಯಿಸಿ ಹಸಿರು ಮಾಡುತ್ತದೆ. ಚಳಿಗೆ ಮಂಕಾಗುತ್ತದೆ, ಸೆಲ್ ಬೇಗ ನುಂಗುತ್ತದೆ. 520ರ ಹತ್ತಿರ ಎಂದಿದ್ದರೆ ಡಯೋಡೇ ನೇರವಾಗಿ ಹಸಿರು ಸೂಸುವಂಥದ್ದು, ಅದನ್ನೇ ಆರಿಸಿ.

5 ಮಿಲಿವ್ಯಾಟ್ ಅಂದರೆ ನಿರಪಾಯ ಅಂತಲ್ಲ. ಬೀಮು ಬಿಗಿಯಾಗಿದ್ದರೆ ಸುಮಾರು 16 ಮೀಟರಿನೊಳಗೆ ನೆಟ್ಟ ಕಣ್ಣಿಗೆ ಹಾನಿಯಾಗಬಹುದು. ಕನ್ನಡಿ, ಟಿವಿ ಪರದೆ, ಫ್ರಿಜ್ಜಿನ ಹೊಳೆಯುವ ಬಾಗಿಲಿನ ಕಡೆ ತಿರುಗಿಸಿ ಅಭ್ಯಾಸ ಮಾಡಬೇಡಿ. ವಿಮಾನದತ್ತ ಹಿಡಿದರೆ ಅಲ್ಲಿ ಐದು ವರ್ಷದ ತನಕ ಜೈಲು.

ಪ್ರಶ್ನೆ: ಲೇಸರನ್ನು ಗುರಿಗೆ ಹೊಂದಿಸಲು ಹೋಗಿ ತಲೆ ಕೆಟ್ಟಿದೆ. ಐದು ಗಜದಲ್ಲಿ ಸರಿ ಮಾಡಿದರೆ ಹದಿನೈದರಲ್ಲಿ ತಪ್ಪುತ್ತದೆ. ಸ್ಕ್ರೂ ಕೆಟ್ಟಿದೆಯೇ?
— ಅಟ್ಲಾಂಟಾ

ಉತ್ತರ: ಸ್ಕ್ರೂ ಸರಿಯಾಗಿಯೇ ಇದೆ, ರೇಖಾಗಣಿತ ಹಾಗಿದೆ. ಲೇಸರ್ ಕೂತಿರುವುದು ನಳಿಗೆಯ ಕೆಳಗೆ. ಸ್ಕೇಲು ತಗೊಂಡು ಖಾಲಿ ಪಿಸ್ತೂಲಿನಲ್ಲಿ ನಳಿಗೆಯ ನಡುವಿನಿಂದ ಲೇಸರ್ ಕಿಂಡಿಯ ನಡುವಿಗೆ ಅಳೆಯಿರಿ. ಒಂದೂವರೆ ಇಂಚು ಬಂತು ಅಂದುಕೊಳ್ಳೋಣ. ಗುಂಡು ಹೆಚ್ಚುಕಡಿಮೆ ನೇರ ಹೋಗುತ್ತದೆ, ಲೇಸರ್ ಗೆರೆ ಕೆಳಗಿನಿಂದ ಮೇಲಕ್ಕೆ ಓರೆಯಾಗಿ ಹೋಗಿ ಅದನ್ನು ಒಂದೇ ಕಡೆ ಸಂಧಿಸುತ್ತದೆ. ಸಂಧಿಸುವ ಜಾಗ ಐದು ಗಜವಾದರೆ ಹದಿನೈದು ಗಜದ ಹೊತ್ತಿಗೆ ಚುಕ್ಕೆ ಗುಂಡಿಗಿಂತ ಮೂರು ಇಂಚು ಮೇಲೆ ಹೋಗಿರುತ್ತದೆ. ನೀವು ಕಂಡ ತಪ್ಪು ಇದೇ.

ಚಿಕ್ಕ ಪಿಸ್ತೂಲಿಗೆ ಹತ್ತು ಗಜ ಸರಿಯಾದ ದೂರ. ಅದೇ ಒಂದೂವರೆ ಇಂಚಿನ ಲೆಕ್ಕದಲ್ಲಿ ಹತ್ತು ಗಜಕ್ಕೆ ಹೊಂದಿಸಿದರೆ, ಮೂರು ಗಜದಲ್ಲಿ ಗುಂಡು ಚುಕ್ಕೆಗಿಂತ ಒಂದು ಇಂಚು ಮೇಲೆ ಬೀಳುತ್ತದೆ, ಐದರಲ್ಲಿ ಮುಕ್ಕಾಲು ಇಂಚು ಮೇಲೆ, ಇಪ್ಪತ್ತರಲ್ಲಿ ಒಂದೂವರೆ ಇಂಚು ಕೆಳಗೆ. ಸಣ್ಣ ನಳಿಗೆಯ ಪಿಸ್ತೂಲಿನಲ್ಲಿ ನಮ್ಮ ಕೈಯ ತಪ್ಪೇ ಇದಕ್ಕಿಂತ ದೊಡ್ಡದಿರುತ್ತದೆ. ಲೇಸರನ್ನು ನಳಿಗೆಗೆ ಸಮಾನಾಂತರವಾಗಿ ಇಟ್ಟು, ಯಾವಾಗಲೂ ಒಂದೂವರೆ ಇಂಚು ಮೇಲೆ ಬೀಳಲಿ ಅನ್ನುವವರೂ ಇದ್ದಾರೆ. ಅದೂ ತಪ್ಪಲ್ಲ, ಆದರೆ ನಮಗೆ ಹತ್ತು ಗಜದ ದಾರಿ ನೆನಪಿಡಲು ಸುಲಭ ಅನ್ನಿಸುತ್ತದೆ.

ಮಾಡುವ ಕ್ರಮ ಹೀಗೆ. ಮೊದಲು ಮನೆಯಲ್ಲಿ, ಖಾಲಿ ಪಿಸ್ತೂಲು. ಗುಂಡು ನಿಲ್ಲಬಲ್ಲ ಗೋಡೆಯ ಕಡೆಗೇ ತಿರುಗಿ. ಹತ್ತು ಗಜ, ಅಂದರೆ ಒಂಬತ್ತು ಮೀಟರಿಗಿಂತ ತುಸು ಹೆಚ್ಚು ದೂರದಲ್ಲಿ ಒಂದು ಚುಕ್ಕೆ ಅಂಟಿಸಿ. ಮಣಿಕಟ್ಟನ್ನು ದಿಂಬಿನ ಮೇಲೂರಿ ಪಿಸ್ತೂಲಿನ ಸ್ವಂತ ಸೈಟಿನಿಂದ (ಮೇಲಿರುವ ಗುರಿ ನೋಡುವ ಗೂಟಗಳಿಂದ) ಅದಕ್ಕೆ ಗುರಿಯಿಡಿ. ಲೇಸರ್ ಹೊತ್ತಿಸಿ, ಜೊತೆಗೆ ಬರುವ ಸಣ್ಣ ಅಲೆನ್ ಕೀಯಿಂದ ಎತ್ತರದ ಸ್ಕ್ರೂ, ಆಮೇಲೆ ಅಡ್ಡದ ಸ್ಕ್ರೂ ತಿರುಗಿಸುತ್ತಾ, ಚುಕ್ಕೆ ಮುಂದಿನ ಸೈಟಿನ ತುದಿಯ ಮೇಲೆ ಕೂತಂತೆ ತನ್ನಿ. ಒಂದು ಸಲಕ್ಕೆ ಕಾಲು ಸುತ್ತಿಗಿಂತ ಹೆಚ್ಚು ತಿರುಗಿಸಬೇಡಿ. ಆ ಸ್ಕ್ರೂಗಳು ಒಳಗಿನ ಸ್ಪ್ರಿಂಗಿಗೆ ಎದುರಾಗಿ ಒತ್ತುವಂಥವು. ಕೊನೆ ಮುಟ್ಟಿದ ಮೇಲೂ ಬಲ ಹಾಕಿದರೆ ಮರೆ (ಸ್ಕ್ರೂವಿನ ಸುತ್ತುಗೆರೆ) ಸವೆದು ಮುಂದೆ ಎಂದೂ ನಿಲ್ಲುವುದಿಲ್ಲ. ಪ್ರತಿ ಸಲ ತಿರುಗಿಸಿದ ಮೇಲೆ ಲೈಟಿನ ಮೈಗೆ ಬೆರಳ ಗೆಣ್ಣಿನಿಂದ ಎರಡು ಸಲ ಕುಟ್ಟಿ. ಸ್ಪ್ರಿಂಗ್ ಕೂತು ಚುಕ್ಕೆ ಒಂಚೂರು ಸರಿಯುತ್ತದೆ. ಇದನ್ನು ಮಾಡದೆ ರೇಂಜಿಗೆ (ಗುಂಡು ಹಾರಿಸಿ ಅಭ್ಯಾಸ ಮಾಡುವ ಜಾಗಕ್ಕೆ) ಹೋದರೆ ಮೊದಲ ಮೂರು ಗುಂಡಿನಲ್ಲೇ ಹೊಂದಿಕೆ ಕದಲುತ್ತದೆ.

ಆಮೇಲೆ ರೇಂಜಿನಲ್ಲಿ ಅದೇ ದೂರದಿಂದ ಐದು ಗುಂಡು, ಕೈಯೂರಿ, ನಿಧಾನವಾಗಿ. ಒಂದೊಂದು ಗುಂಡಿಗೂ ಸ್ಕ್ರೂ ಮುಟ್ಟಬೇಡಿ. ಐದರ ನಡುವನ್ನು ನೋಡಿ ತಿದ್ದಿ, ಮತ್ತೆ ಐದು. ಕೊನೆಗೆ ಖಾಲಿ ಪಿಸ್ತೂಲಿನಿಂದ ಮನೆಯ ಗೋಡೆಯ ಮೇಲೆ ಐದು ಗಜದಲ್ಲಿ ಸೈಟಿನ ಗುರಿ ಎಲ್ಲಿ, ಲೇಸರ್ ಚುಕ್ಕೆ ಎಲ್ಲಿ ಎಂದು ಒಂದು ರಟ್ಟಿನ ಮೇಲೆ ಎರಡು ಗುರುತು ಹಾಕಿಟ್ಟುಕೊಳ್ಳಿ. ಲೈಟು ಬಿಚ್ಚಿ ಹಾಕಿದಾಗ, ಸೆಲ್ ಬದಲಿಸಿದಾಗ ಆ ರಟ್ಟಿಗೆ ಹಿಡಿದು ನೋಡಿದರೆ ಸಾಕು, ಗುಂಡು ಖರ್ಚಿಲ್ಲದೆ ತಿಳಿಯುತ್ತದೆ.

ಚುಕ್ಕೆ ಯಾವಾಗಲೂ ನಡುಗುತ್ತಲೇ ಇರುತ್ತದೆ. ಅದು ಗುರಿಯ ಮೇಲೆ ಬಂದ ಕ್ಷಣಕ್ಕೆ ಸರಿಯಾಗಿ ಟ್ರಿಗರ್ ಕಿತ್ತರೆ ಗುಂಡು ಕೆಳಕ್ಕೆ ಬೀಳುತ್ತದೆ. ನಡುಗಲಿ ಬಿಡಿ, ಟ್ರಿಗರನ್ನು ಒಂದೇ ಹದದಲ್ಲಿ ಒತ್ತಿ. ನಿಜ ಹೇಳಬೇಕೆಂದರೆ ಲೇಸರಿನ ದೊಡ್ಡ ಉಪಯೋಗ ಇರುವುದು ಇಲ್ಲಿಯೇ: ಖಾಲಿ ಪಿಸ್ತೂಲಿನ ಅಭ್ಯಾಸದಲ್ಲಿ ಬೆರಳಿನ ಕಳ್ಳಾಟವನ್ನು ಗೋಡೆಯ ಮೇಲೆ ಬರೆದು ತೋರಿಸುತ್ತದೆ.

ಪ್ರಶ್ನೆ: ನನ್ನ ಹೆಂಡತಿ ಎಡಗೈಯವಳು, ನಾನು ಬಲಗೈ. ಪಿಸ್ತೂಲು ಒಂದೇ. ಸ್ವಿಚ್ಚನ್ನು ಯಾವ ಬೆರಳಿಂದ ಒತ್ತಬೇಕು?
— ರಾಲಿ, ನಾರ್ತ್ ಕೆರೊಲಿನಾ

ಉತ್ತರ: ಇಬ್ಬರೂ ಆಧಾರದ ಕೈಯ ಹೆಬ್ಬೆರಳಿಂದ. ನಿಮಗೆ ಅದು ಎಡ ಹೆಬ್ಬೆರಳು, ಅವರಿಗೆ ಬಲದ್ದು. ಹಾಗಾಗಿ ಎರಡೂ ಬದಿಯಲ್ಲಿ ಸ್ವಿಚ್ ಇರುವುದನ್ನೇ ತಗೊಳ್ಳಬೇಕು. ಅಂಗಡಿಯಲ್ಲಿ ಹಿಡಿದು ನೋಡುವಾಗ ಗಮನಿಸಿ: ಹಿಡಿತ ಸಡಿಲಿಸದೆ ಹೆಬ್ಬೆರಳು ಎಟಕುತ್ತದೆಯೇ? ಒದ್ದೆ ಕೈಯಲ್ಲಿ? ಕೈ ಚಿಕ್ಕದಾದವರಿಗೆ ಹೆಚ್ಚಾಗಿ ಎಟಕುವುದಿಲ್ಲ. ಒತ್ತಿ ಹಿಡಿದಷ್ಟು ಹೊತ್ತು ಮಾತ್ರ ಬೆಳಗುವ ವ್ಯವಸ್ಥೆ ಇದೆಯೇ, ಒಮ್ಮೆ ಒತ್ತಿದರೆ ಹೊತ್ತಿಕೊಂಡೇ ಇರುತ್ತದೆಯೇ ಎಂಬುದನ್ನೂ ಕೇಳಿ. ಸಣ್ಣ ಮಾದರಿಗಳಲ್ಲಿ ಮೊದಲನೆಯದು ಇಲ್ಲದಿರುವುದು ಸಾಮಾನ್ಯ.

ಟ್ರಿಗರ್ ಬೆರಳಿಗೆ ಇದರಲ್ಲಿ ಕೆಲಸವೇ ಇಲ್ಲ. ಸ್ವಿಚ್ಚು ಟ್ರಿಗರ್ ಗಾರ್ಡಿಗೆ ತಾಗಿಕೊಂಡೇ ಇರುವುದರಿಂದ ‘ಹೇಗೂ ಅಲ್ಲೇ ಇದೆಯಲ್ಲ’ ಎಂದು ತೋರುಬೆರಳಿಂದ ಒತ್ತುವ ಚಾಳಿ ಬಹಳ ಜನರಿಗೆ ಬೀಳುತ್ತದೆ. ಗಾಬರಿಯಲ್ಲಿ ಅದೇ ಬೆರಳು ಅದೇ ‘ಒತ್ತು’ ಎಂಬ ಆಜ್ಞೆಯನ್ನು ಅರ್ಧ ಇಂಚು ಹಿಂದೆ ಪಾಲಿಸಿದರೆ ಮುಗಿಯಿತು. ಹಿಡಿಯನ್ನು ಬಿಗಿಹಿಡಿದರೆ ಹೊತ್ತುವ ಪ್ಯಾಡ್ ಸ್ವಿಚ್ಚಿಗೂ ಇದೇ ತೊಂದರೆ: ಒಂದು ಬೆರಳು ಬಿಗಿದರೆ ಪಕ್ಕದ ಬೆರಳೂ ಬಿಗಿಯುವುದು ಕೈಯ ಸ್ವಭಾವ.

ಇನ್ನೊಂದು ಮಾತು. ನಮ್ಮ ಹಳ್ಳಿಗಳಲ್ಲಿ ಟಾರ್ಚಿಗೆ ‘ಬ್ಯಾಟರಿ’ ಅನ್ನುತ್ತೇವೆ. ರಾತ್ರಿ ಏನೇ ಸದ್ದಾದರೂ ಮೊದಲು ಬ್ಯಾಟರಿ ಬಿಡುವುದು. ಪಿಸ್ತೂಲಿನ ಲೈಟನ್ನು ಹಾಗೆ ಬಿಡುವಂತಿಲ್ಲ. ಅದರ ಬೆಳಕು ಬಿದ್ದ ಕಡೆಯೆಲ್ಲ ನಳಿಗೆಯೂ ತಿರುಗಿರುತ್ತದೆ. ನೀರು ಕುಡಿಯಲು ಎದ್ದ ಮಗ, ಬಾಗಿಲು ತಟ್ಟಿದ ನೆರೆಮನೆಯವರು, ಯಾರನ್ನು ನೋಡಲು ಹೊರಟರೂ ಅಷ್ಟೇ. ಹಾಸಿಗೆಯ ಪಕ್ಕ ಒಂದು ಸಾದಾ ಟಾರ್ಚ್ ಇರಲೇಬೇಕು, ಹುಡುಕುವ ಕೆಲಸ ಅದರದ್ದು. ಪಿಸ್ತೂಲು ಎತ್ತಿಕೊಂಡದ್ದೇ ಆದರೆ ನಳಿಗೆ ನೆಲದತ್ತ ಇರಲಿ. ತೆಳು ಬಣ್ಣದ ನೆಲಕ್ಕೆ, ಗೋಡೆಯ ಬುಡಕ್ಕೆ ಬಿಟ್ಟ 500 ಲ್ಯೂಮೆನ್ ಚಿಮ್ಮಿ ಇಡೀ ಕೋಣೆ ಕಾಣುತ್ತದೆ.

ಪ್ರಶ್ನೆ: ಲೈಟ್ ಹಾಕಿದ ಮೇಲೆ ಪಿಸ್ತೂಲು ಎರಡು ಸಲ ಜಾಮ್ ಆಯಿತು. ಲೈಟಿಗೂ ಜಾಮಿಗೂ ಏನು ಸಂಬಂಧ?
— ಕೊಲಂಬಸ್, ಒಹಾಯೊ

ಉತ್ತರ: ಇರಬಹುದು. ಪ್ಲಾಸ್ಟಿಕ್ ಫ್ರೇಮಿನ ಪಿಸ್ತೂಲು ಗುಂಡು ಹಾರಿದಾಗ ಕೊಂಚ ಬಾಗುತ್ತದೆ. ಹಾಗೆ ಬಾಗಿ ಒದೆತದ ಒಂದು ಪಾಲನ್ನು ನುಂಗುವಂತೆಯೇ ಅದರ ಹದ ಇರುತ್ತದೆ. ಮುಂಭಾಗಕ್ಕೆ ತೂಕ ಕಟ್ಟಿ ಬಿಗಿದರೆ ಆ ಹದ ತಪ್ಪುತ್ತದೆ. ಇದಕ್ಕೆ ಪ್ರಸಿದ್ಧ ಉದಾಹರಣೆ .40 ಗುಂಡಿನ ಗ್ಲಾಕ್ 22, ಮೂರನೇ ತಲೆಮಾರಿನದ್ದು. ಲೈಟ್ ಹಾಕಿದಾಗ ಸ್ಲೈಡು ಹಿಂದೆಮುಂದೆ ಓಡುವ ವೇಗಕ್ಕೆ ತಕ್ಕಂತೆ ಮ್ಯಾಗಜಿನ್ನಿನ ಸ್ಪ್ರಿಂಗು ಮುಂದಿನ ಗುಂಡನ್ನು ಮೇಲೆತ್ತಲಾರದೆ ತಿನಿಸುವಿಕೆ ಕೈಕೊಡುತ್ತಿತ್ತು. ಪರಿಹಾರವಾಗಿ ಬಂದದ್ದು ಹತ್ತು ಸುತ್ತಿನ ಬದಲು ಹನ್ನೊಂದು ಸುತ್ತಿನ ಸ್ಪ್ರಿಂಗು. ನಿಮ್ಮ ಪಿಸ್ತೂಲು ಯಾವುದೆಂದು ಬರೆದಿಲ್ಲ. ಆದರೂ ಮೊದಲು ಮ್ಯಾಗಜಿನ್ ಸ್ಪ್ರಿಂಗ್ ಹೊಸದು ಹಾಕಿ ನೋಡಿ, ಅಗ್ಗದ ರಿಪೇರಿ ಅದು. ಜಾಮ್ ಆದ ಎರಡೂ ಸಲ ಮ್ಯಾಗಜಿನ್ ಒಂದೇ ಆಗಿತ್ತೇ ಎಂಬುದನ್ನೂ ನೆನಪಿಸಿಕೊಳ್ಳಿ.

ಎರಡನೆಯ ಅನುಮಾನ, ಬಿಗಿತ. ರೈಲಿನ ಲೈಟಿಗೆ ಅಡ್ಡ ಸ್ಕ್ರೂ ಒಂದೇ. ಕೈಬಿಗಿ ಮಾಡಿ, ನಾಣ್ಯದ ಅಂಚಿನಿಂದ ಕಾಲು ಸುತ್ತು ಸಾಕು. ಉದ್ದ ಹಿಡಿಯ ಸ್ಕ್ರೂಡ್ರೈವರಿನಿಂದ ಬಿಗಿದರೆ ಫ್ರೇಮೇ ಒಳಗೆ ಹಿಚುಕಿಕೊಂಡು ಸ್ಲೈಡ್ ಉಜ್ಜುತ್ತದೆ. ಖಾಲಿ ಪಿಸ್ತೂಲಿನ ಸ್ಲೈಡನ್ನು ಕೈಯಿಂದ ನಿಧಾನ ಎಳೆದು ಬಿಡಿ: ಲೈಟ್ ಇದ್ದಾಗ, ಇಲ್ಲದಾಗ ಎಳೆತ ಒಂದೇ ಥರ ಇರಬೇಕು. ಟ್ರಿಗರ್ ಗಾರ್ಡಿಗೆ ಕಚ್ಚುವ ಬಗೆ ಎರಡು ಹೋಳಾಗಿ ಬರುತ್ತದೆ. ಅದರ ಸಣ್ಣ ಸ್ಕ್ರೂಗಳನ್ನು ಒಂದನ್ನೇ ಪೂರ್ತಿ ಬಿಗಿಯದೆ, ಮೂಲೆಯಿಂದ ಮೂಲೆಗೆ ಸ್ವಲ್ಪ ಸ್ವಲ್ಪವೇ ಬಿಗಿಯುತ್ತಾ ಎರಡೂ ಬದಿಯ ಸಂದು ಸಮ ಇರುವಂತೆ ನೋಡಿಕೊಳ್ಳಿ. ನೀಲಿ ಲಾಕ್‌ಟೈಟ್ (ಸ್ಕ್ರೂ ಸಡಿಲಾಗದಂತೆ ಹಿಡಿಯುವ ಅಂಟು) ಹಾಕುವುದಾದರೆ ಸ್ಕ್ರೂವಿನ ಮರೆಗೆ ಗುಂಡುಪಿನ್ನಿನ ತಲೆಯಷ್ಟು, ಅದೂ ಸ್ಕ್ರೂ ಲೋಹದ ಮರೆಗೆ ಇಳಿಯುವ ಕಡೆ ಮಾತ್ರ. ಪ್ಲಾಸ್ಟಿಕ್ಕಿಗೆ ಹರಿದರೆ ಬಿರುಕು ತರುತ್ತದೆ. ಹೆಚ್ಚಾದದ್ದನ್ನು ಆಗಲೇ ಒರೆಸಿ. ಬಿಗಿದಾದ ಮೇಲೆ ಸ್ಕ್ರೂ ತಲೆಯಿಂದ ಮೈಗೆ ಉಗುರುಬಣ್ಣದ ಒಂದು ಗೆರೆ ಎಳೆಯಿರಿ. ಗೆರೆ ಮುರಿದಿದ್ದರೆ ಸಡಿಲಾಗಿದೆ ಎಂದರ್ಥ.

ಹೊಸ ಜೋಡಿಯನ್ನು ನಂಬುವ ಮೊದಲು ಇನ್ನೂರು ಗುಂಡು ಹಾರಿಸಿ ನೋಡಿ. ಅದರಲ್ಲಿ ಐವತ್ತಾದರೂ ನೀವು ದಿನಾ ಒಯ್ಯುವ ಬಗೆಯ ಗುಂಡೇ ಆಗಿರಲಿ. ಇಷ್ಟೂ ಹೊತ್ತು ಲೈಟ್ ಹೊತ್ತಿಕೊಂಡೇ ಇರಬೇಕು. ಆರಿಸಿಟ್ಟು ಹಾರಿಸಿದರೆ ಲೈಟಿನ ಪರೀಕ್ಷೆಯಾಗದು. ಐವತ್ತಕ್ಕೊಮ್ಮೆ ನಿಲ್ಲಿಸಿ ಉಗುರುಬಣ್ಣದ ಗೆರೆ, ಲೇಸರ್ ಹೊಂದಿಕೆ, ಸ್ವಿಚ್ಚು ನೋಡಿ. ಒದೆತಕ್ಕೆ ಲೈಟ್ ಮಿಣುಕಿದರೆ ಸೆಲ್ಲಿನ ಸ್ಪ್ರಿಂಗು ಸಂಪರ್ಕ ಬಿಡುತ್ತಿದೆ. ಬೇರೆ ಬ್ರಾಂಡಿನ ಸೆಲ್ ಹಾಕಿ ನೋಡಿ. ಉದ್ದದಲ್ಲಿ ಕೂದಲೆಳೆಯ ವ್ಯತ್ಯಾಸವಿರುತ್ತದೆ. ಹೊಂದಿಕೆ ಪ್ರತಿ ಐವತ್ತಕ್ಕೂ ಒಂದೇ ದಿಕ್ಕಿಗೆ ಜರುಗುತ್ತಿದ್ದರೆ ಆ ಲೇಸರ್ ನಿಲ್ಲುವ ಜಾತಿಯದಲ್ಲ, ಹಿಂತಿರುಗಿಸಿ.

ಪ್ರಶ್ನೆ: ಒಂದು ಗಂಟೆ ಉರಿಯುತ್ತದೆ ಎಂದಿದ್ದರೂ ಅರ್ಧ ಗಂಟೆಗೇ ಮಂಕಾಯಿತು. ಮೋಸವೇ?
— ಸ್ಯಾಕ್ರಮೆಂಟೊ

ಉತ್ತರ: ಮೋಸವಲ್ಲ, ಅಳತೆಯ ಪದ್ಧತಿಯೇ ಹಾಗೆ. ಹೊತ್ತಿಸಿ 30 ಸೆಕೆಂಡಾದಾಗ ಇದ್ದ ಬೆಳಕು ಹತ್ತನೇ ಒಂದು ಭಾಗಕ್ಕೆ ಇಳಿಯುವವರೆಗಿನ ಹೊತ್ತನ್ನು ‘ಉರಿಯುವ ಅವಧಿ’ ಅನ್ನುತ್ತಾರೆ. ನೂರು ಲ್ಯೂಮೆನ್ನಿನದು ಹತ್ತಕ್ಕಿಳಿದರೂ ಲೆಕ್ಕದಲ್ಲಿ ಇನ್ನೂ ಉರಿಯುತ್ತಲೇ ಇದೆ. ಟಿಎಲ್‌ಆರ್-6ರಲ್ಲಿರುವುದು 1/3ಎನ್ ಎಂಬ ಗುಂಡಿಯಂಥ ಎರಡು ಪುಟ್ಟ ಸೆಲ್ಲು. ಎರಡರಲ್ಲೂ ಸೇರಿ ಸುಮಾರು ಒಂದು ವ್ಯಾಟ್-ಗಂಟೆ ಶಕ್ತಿ. ದೊಡ್ಡ ಲೈಟುಗಳ ಒಂದೇ ಸಿಆರ್123ಎ ಸೆಲ್ಲಿನಲ್ಲಿ ಅದರ ನಾಲ್ಕೂವರೆ ಪಟ್ಟಿದೆ. ಪುಟ್ಟ ಲೈಟು 500 ಲ್ಯೂಮೆನ್ ಕೊಡಲಾರದ್ದಕ್ಕೂ ಕಾರಣ ಇದೇ. ಬರೀ ಲೇಸರ್ ಆದರೆ ಅವೇ ಸೆಲ್ಲು ಹನ್ನೊಂದು ಗಂಟೆ ಬರುತ್ತದೆ.

ಎರಡು ಸೆಲ್ಲನ್ನೂ ಒಟ್ಟಿಗೇ ಬದಲಿಸಿ. ಹೊಸದು-ಹಳೆಯದು ಬೆರೆಸಿದರೆ ಹಳೆಯದು ಬಿಸಿಯಾಗಿ ಉಬ್ಬಬಹುದು. ಸಿಆರ್123ಎ ಜಾಗಕ್ಕೆ ಅದೇ ಅಳತೆಯ ಚಾರ್ಜ್ ಮಾಡುವ 16340 ಹಾಕುವ ಆಸೆ ಬೇಡ; ಮೂರು ವೋಲ್ಟಿನ ಜಾಗಕ್ಕೆ 4.2 ವೋಲ್ಟ್ ನುಗ್ಗಿ ಒಳಗಿನ ಸರ್ಕ್ಯೂಟ್ ಸುಟ್ಟೀತು, ಕಂಪನಿಯೇ ಒಪ್ಪಿದ್ದರೆ ಮಾತ್ರ ಹಾಕಿ. ದಿನಾ ಒಯ್ಯುವವರು ಆರು ತಿಂಗಳಿಗೊಮ್ಮೆ ಹೊಸ ಸೆಲ್ ಹಾಕಿ, ತೆಗೆದದ್ದನ್ನು ಮನೆಯ ಬೇರೆ ಸಾಮಾನಿಗೆ ಬಳಸಿದರಾಯಿತು.

ಪ್ರಶ್ನೆ: ಹಳೆಯ ಹೋಲ್ಸ್ಟರಿಗೆ (ಪಿಸ್ತೂಲಿನ ಒರೆಗೆ) ಲೈಟ್ ಹಾಕಿದ ಪಿಸ್ತೂಲು ಹಿಡಿಸುತ್ತಿಲ್ಲ. ಬಾಯಿ ಸ್ವಲ್ಪ ಕತ್ತರಿಸಿದರೆ ಆಗದೇ?
— ಟ್ಯಾಂಪಾ

ಉತ್ತರ: ಬೇಡವೇ ಬೇಡ. ನಿಮ್ಮ ಪಿಸ್ತೂಲು ಮತ್ತು ನಿಮ್ಮ ಲೈಟು ಎರಡರ ಹೆಸರೂ ಹೇಳಿ ಅದಕ್ಕೆಂದೇ ಅಚ್ಚು ಹಾಕಿದ, ಕೈಡೆಕ್ಸ್ ಎಂಬ ಗಟ್ಟಿ ಪ್ಲಾಸ್ಟಿಕ್ಕಿನ ಹೋಲ್ಸ್ಟರ್ ತರಿಸಿ. ಬಂದ ಮೇಲೆ ಖಾಲಿ ಪಿಸ್ತೂಲನ್ನು ಪೂರ್ತಿ ಕೂರಿಸಿ, ಮೇಲಿನಿಂದ ಪೆನ್ಸಿಲ್ ತೂರಿಸಿ ಟ್ರಿಗರಿಗೆ ತಾಗುತ್ತದೆಯೇ ನೋಡಿ. ಪಿಸ್ತೂಲಿಗಿಂತ ಲೈಟು ದಪ್ಪವಿದ್ದರೆ ಅದು ಒಳಗಿಳಿಯಲು ಹೋಲ್ಸ್ಟರಿನ ಬಾಯಿಯನ್ನೇ ಅಗಲ ಮಾಡಿರುತ್ತಾರೆ, ಆಗ ಟ್ರಿಗರಿನ ಪಕ್ಕ ಸಂದು ಬೀಳುತ್ತದೆ. ಪೆನ್ಸಿಲ್ ತಾಗಿದರೆ ಅಂಗಿಯ ಚುಂಗೂ ತಾಗುತ್ತದೆ. ಅಂಥ ಹೋಲ್ಸ್ಟರ್ ವಾಪಸು. ಈ ಒಂದು ವಿಷಯದಲ್ಲಿ ಪುಟ್ಟ ಲೈಟು ದೊಡ್ಡದಕ್ಕಿಂತ ಮೇಲು.

ಪ್ರಶ್ನೆ: ನಾನು ಎಚ್-1ಬಿ ವೀಸಾದವನು. ಲೈಟು ಮಾತ್ರ ಕೊಂಡಿಟ್ಟುಕೊಳ್ಳಬಹುದೇ?
— ಸ್ಯಾನ್ ಹೊಸೆ

ಉತ್ತರ: ಲೈಟು ಬಂದೂಕಲ್ಲ. ಆದರೆ ಅದನ್ನು ಹಾಕುವ ಪಿಸ್ತೂಲು ನಿಮ್ಮ ವಶದಲ್ಲಿದ್ದರೆ ತೊಂದರೆ. ವಲಸೆಯೇತರ ವೀಸಾದಲ್ಲಿರುವವರು ಬಂದೂಕು, ಗುಂಡು ಇಟ್ಟುಕೊಳ್ಳುವುದನ್ನು ಅಮೆರಿಕದ ಕೇಂದ್ರ ಕಾನೂನು ನಿಷೇಧಿಸುತ್ತದೆ. ಯಾವುದಾದರೂ ರಾಜ್ಯದ ಚಾಲ್ತಿಯಲ್ಲಿರುವ ಬೇಟೆ ಪರವಾನಗಿ ಇರುವಂಥ ಕೆಲವೇ ವಿನಾಯಿತಿಗಳಿವೆ. ಗ್ರೀನ್ ಕಾರ್ಡಿನವರಿಗೆ ಈ ತಡೆ ಇಲ್ಲ. ವಲಸೆ ವಕೀಲರನ್ನು ಕೇಳದೆ ಗೆಳೆಯನ ಪಿಸ್ತೂಲನ್ನೂ ಮನೆಯಲ್ಲಿ ಇರಿಸಿಕೊಳ್ಳಬೇಡಿ.

ಪ್ರಶ್ನೆ: ನನ್ನ ಹತ್ತಿರ .32 ರಿವಾಲ್ವರ್ ಇದೆ, ಜಮ್ಮಾ (ಕೊಡಗಿನ ಹಳೆಯ ಭೂ ಹಿಡುವಳಿ) ವಿನಾಯಿತಿಯಲ್ಲಿ. ತೋಟದಲ್ಲಿ ರಾತ್ರಿ ಹಂದಿ, ಆನೆ ಕಾಟ. ತಂಗಿ ಮಗ ಅಮೆರಿಕದಿಂದ ಲೇಸರ್ ಇರುವ ಲೈಟ್ ತರುತ್ತೇನೆ ಅನ್ನುತ್ತಿದ್ದಾನೆ. ತರಿಸಲೇ?
— ವಿರಾಜಪೇಟೆ

ಉತ್ತರ: ಬೇಡ ಎನ್ನಿ. ಕಾರಣ ಮೂರಿವೆ. ಮೊದಲನೆಯದು, ಕೂರುವ ಜಾಗವೇ ಇಲ್ಲ. ನಮ್ಮ ದೇಶದ ಕಾರ್ಖಾನೆಯ .32 ರಿವಾಲ್ವರಿಗೆ ರೈಲ್ ಇಲ್ಲ, ಟ್ರಿಗರ್ ಗಾರ್ಡಿಗೆ ಕಚ್ಚುವ ಲೈಟುಗಳು ಒಂದೊಂದು ಪಿಸ್ತೂಲಿನ ಅಚ್ಚಿಗೆ ಮಾಡಿದಂಥವು. ತೂತು ಕೊರೆಯುವುದು, ಅಂಟು ಹಾಕುವುದು ಎಲ್ಲ ಆಯುಧ ಕೆಡಿಸುವ ದಾರಿ. ಎರಡನೆಯದು, ಬಂದೂಕಿಗೆಂದೇ ಮಾಡಿದ ಲೇಸರ್ ಅಮೆರಿಕದ ರಫ್ತು ನಿಯಂತ್ರಣ ಪಟ್ಟಿಯಲ್ಲಿ 0ಎ504 ಎಂಬ ಕ್ರಮಾಂಕದಡಿ ಬರುತ್ತದೆ. ಅಲ್ಲಿನ ವಾಣಿಜ್ಯ ಇಲಾಖೆಯನ್ನು ವಿಚಾರಿಸದೆ ಸೂಟ್‌ಕೇಸಿಗೆ ಹಾಕಿಕೊಂಡು ಬಂದರೆ ಸಿಕ್ಕಿಹಾಕಿಕೊಳ್ಳುವವನು ನಿಮ್ಮ ತಂಗಿ ಮಗ. ಇಲ್ಲಿ ಇಳಿದ ಮೇಲೆ ಕಸ್ಟಮ್ಸ್‌ನವರ ಪ್ರಶ್ನೆ ಬೇರೆ.

ಮೂರನೆಯದೇ ದೊಡ್ಡದು. ಕೊಡವರಿಗೂ ಜಮ್ಮಾ ಹಿಡುವಳಿದಾರರಿಗೂ ಇರುವ ವಿನಾಯಿತಿ, 2019ರಲ್ಲಿ 2029ರವರೆಗೆ ಮುಂದುವರಿದದ್ದು, ಕೋವಿ ಇಟ್ಟುಕೊಳ್ಳುವ ಪರವಾನಗಿಯಿಂದ ಮಾತ್ರ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಿಂದ ಅದು ವಿನಾಯಿತಿ ಕೊಡುವುದಿಲ್ಲ. ಕಾಡಂಚಿನ ತೋಟದಲ್ಲಿ ರಾತ್ರಿ ಲೈಟು ಕಟ್ಟಿದ ಆಯುಧ ಹಿಡಿದು ನಿಂತವರನ್ನು ಅರಣ್ಯ ಇಲಾಖೆಯವರು ಕಂಡರೆ, ಕಾಫಿ ಕಾಯಲು ಬಂದೆ ಎಂದು ಮನವರಿಕೆ ಮಾಡಿಕೊಡುವ ಹೊರೆ ನಿಮ್ಮ ತಲೆಗೇ ಬರುತ್ತದೆ. ಅಲ್ಲದೆ ಆನೆಯ ಮುಂದೆ .32 ಯಾವ ಲೆಕ್ಕ? ದೂರಕ್ಕೆ ಹೋಗುವ ಒಳ್ಳೆಯ ಕೈ ಟಾರ್ಚ್ ಒಂದಿದ್ದರೆ ಆನೆ ಎಲ್ಲಿದೆ ಎಂದು ನೂರು ಮೀಟರ್ ಆಚೆಯೇ ತಿಳಿದು ಹಿಂದೆ ಸರಿಯಬಹುದು.

ಪ್ರಶ್ನೆ: ಮಗಳು 10 ಮೀಟರ್ ಏರ್ ಪಿಸ್ತೂಲ್ ಕಲಿಯುತ್ತಿದ್ದಾಳೆ. ಲೇಸರ್ ಹಾಕಿ ಅಭ್ಯಾಸ ಮಾಡಿಸಬಹುದೇ?
— ಮೈಸೂರು

ಉತ್ತರ: ಸ್ಪರ್ಧೆಯಲ್ಲಿ ಸಾಧ್ಯವಿಲ್ಲ, ಅಂತರರಾಷ್ಟ್ರೀಯ ಶೂಟಿಂಗ್ ಒಕ್ಕೂಟವಾದ ಐಎಸ್‌ಎಸ್‌ಎಫ್ ನಿಯಮದಂತೆ ಪಿಸ್ತೂಲಿಗೆ ತೆರೆದ ಸೈಟ್ ಮಾತ್ರ. ಅಭ್ಯಾಸಕ್ಕೂ ಬೇಡ. ಆ ಆಟದಲ್ಲಿ ಕಣ್ಣು ಮುಂದಿನ ಸೈಟಿನ ಮೇಲೆ ನೆಡಬೇಕು, ಲೇಸರ್ ಇದ್ದರೆ ಗುರಿಹಲಗೆಯ ಮೇಲಕ್ಕೆ ಓಡುತ್ತದೆ. ಕೋಚ್ ಒಪ್ಪಿದರೆ ಗುರಿಯ ಚಲನೆಯನ್ನು ಕಂಪ್ಯೂಟರಿನಲ್ಲಿ ದಾಖಲಿಸುವ ಸ್ಕ್ಯಾಟ್ ಥರದ ಉಪಕರಣ ನೋಡಿ.

ಪ್ರಶ್ನೆ: ಐವತ್ತು ಗುಂಡಿಗೇ ಲೈಟಿನ ಗಾಜು ಕಪ್ಪಾಗುತ್ತದೆ. ಉಜ್ಜಿದರೆ ಹೋಗುತ್ತಿಲ್ಲ.
— ಡೆನ್ವರ್

ಉತ್ತರ: ನಳಿಗೆಯ ಬಾಯಿಗೂ ಗಾಜಿಗೂ ಅಂತರ ಕಡಿಮೆ ಇರುವುದರಿಂದ ಮಸಿ ನೇರ ಬಡಿಯುತ್ತದೆ, ಬಿಸಿಗೆ ಕಚ್ಚಿಕೊಳ್ಳುತ್ತದೆ. ಗಾಜು ನಿಜವಾಗಿ ಗಾಜೇ ಆಗಿದ್ದರೆ ಸ್ಪಿರಿಟ್ ಹಚ್ಚಿದ ಹತ್ತಿಯನ್ನು ಒಂದು ನಿಮಿಷ ಅದರ ಮೇಲೆ ಬಿಟ್ಟು ಆಮೇಲೆ ಒರೆಸಿ, ಉಳಿದದ್ದನ್ನು ಪೆನ್ಸಿಲ್ ರಬ್ಬರಿನಿಂದ ತಿಕ್ಕಿ. ಪ್ಲಾಸ್ಟಿಕ್ ಲೆನ್ಸ್ ಆದರೆ ಸೋಪುನೀರು ಮಾತ್ರ. ಸ್ಪಿರಿಟ್ಟಿಗೆ ಮೈಯೆಲ್ಲ ಸಣ್ಣ ಬಿರುಕು ಬಿಡಬಹುದು. ಮುಂದಿನ ಸಲ ರೇಂಜಿಗೆ ಹೊರಡುವ ಮೊದಲು ಲೈಟಿನ ಗಾಜಿಗೆ ಲಿಪ್ ಬಾಮ್ ತೆಳ್ಳಗೆ ಸವರಿ, ಲೇಸರಿನ ಕಿಂಡಿಗೆ ತಾಗದಂತೆ. ಬಂದ ಮೇಲೆ ಒಣಬಟ್ಟೆಯಲ್ಲಿ ಒರೆಸಿದರೆ ಮಸಿ ಅದರ ಜೊತೆಗೇ ಬರುತ್ತದೆ. ಲೇಸರಿನ ಕಿಂಡಿಗೆ ಒಣ ಹತ್ತಿಕಡ್ಡಿಯೇ ಸಾಕು.